ಅಳಿಸಿದ ಸಂದೇಶ ಎಲ್ಲಿ ಉಳಿಯುತ್ತದೆ?

ಪಾಟಿಯ ಮೇಲೆ ಬರೆದುದನ್ನು ಒದ್ದೆಯ ಬಟ್ಟೆಯಿಂದ ಒರೆಸಿದರೆ ಅಕ್ಷರ ಮಾಯವಾಗುತ್ತದೆ. ಬರೆದವನಿಗೂ ಇಲ್ಲ, ಪಕ್ಕದಲ್ಲಿ ಕುಳಿತು ಇಣುಕಿದವನಿಗೂ ಇಲ್ಲ. ಕರಿಹಲಗೆಯ ಬರಹಕ್ಕೂ ಇದೇ ಗತಿ. ಬಳಪ ಹಿಡಿದು ಅಕ್ಷರ ತಿದ್ದಿದ ನಮ್ಮ ತಲೆಮಾರಿನವರ ಮನಸ್ಸಿನಲ್ಲಿ ‘ಅಳಿಸು’ ಎಂಬ ಕ್ರಿಯಾಪದಕ್ಕೆ ಈ ಅರ್ಥವೇ ನೆಲೆನಿಂತಿದೆ. ಆದರೆ ಇಂದು ಅನೇಕ ಮನೆಗಳ ಪಡಸಾಲೆಯನ್ನು ಹೊಕ್ಕಿರುವ ಆಟದ ಯಂತ್ರಗಳಲ್ಲಿ ಅದೇ ಪದ ಬೇರೊಂದು ಅರ್ಥವನ್ನು ತಾಳಿದೆ. ಈ ಎರಡು ಅರ್ಥಗಳ ನಡುವಣ ಅಂತರದಲ್ಲಿ ಮಕ್ಕಳೂ ಅವರ ಪಾಲಕರೂ ಎಡವುತ್ತಿರುವುದನ್ನು ಕಂಡು, ಈ ನಾಲ್ಕು ಮಾತುಗಳನ್ನು ಶಿಕ್ಷಕ ಬಂಧುಗಳ, ಹಳೆಯ ವಿದ್ಯಾರ್ಥಿಗಳ ಹಾಗೂ ಸಂಸ್ಥೆಯ ಹಿತೈಷಿಗಳಾದ ದಾನಿಗಳ ಮುಂದಿಡಲು ಬಯಸಿದ್ದೇನೆ.

ಗೇಮಿಂಗ್ ಕನ್ಸೋಲ್ ಎಂದು ಕರೆಯಲ್ಪಡುವ ಈ ಯಂತ್ರವನ್ನು ನೋಡದವರಿಗಾಗಿ ಒಂದು ಮಾತು. ದೂರದರ್ಶನದ ಪೆಟ್ಟಿಗೆಗೆ ಜೋಡಿಸಿ, ಕೈಯಲ್ಲಿ ಹಿಡಿಯುವ ಗುಂಡಿಗಳ ಸಾಧನದಿಂದ ಆಡುವ ಯಂತ್ರವಿದು. ಜಪಾನಿನ ಸೋನಿ ಸಂಸ್ಥೆಯ ಪ್ಲೇಸ್ಟೇಷನ್, ಅಮೆರಿಕದ ಮೈಕ್ರೋಸಾಫ್ಟಿನ ಎಕ್ಸ್‌ಬಾಕ್ಸ್ ಹಾಗೂ ನಿಂಟೆಂಡೊ ಸಂಸ್ಥೆಯ ಯಂತ್ರಗಳು ಇವುಗಳಲ್ಲಿ ಪ್ರಸಿದ್ಧವಾದವು. ಮೊದಮೊದಲು ಇವು ಆಟಿಕೆಗಳು ಮಾತ್ರವಾಗಿದ್ದವು. 2002ರ ನವೆಂಬರಿನಲ್ಲಿ ಎಕ್ಸ್‌ಬಾಕ್ಸ್ ಲೈವ್, 2006ರ ನವೆಂಬರಿನಲ್ಲಿ ಪ್ಲೇಸ್ಟೇಷನ್ ನೆಟ್‌ವರ್ಕ್ ಆರಂಭವಾದ ಮೇಲೆ ಈ ಪೆಟ್ಟಿಗೆ ಅಂಚೆಮನೆಯೂ ಆಯಿತು. ಧಾರವಾಡದ ಹುಡುಗ ಜರ್ಮನಿಯ ಹುಡುಗನೊಡನೆ ಚೆಂಡಾಟವಾಡುತ್ತಾ, ಗೆದ್ದಾಗ ಹೊಗಳಿಕೆಯನ್ನೂ ಸೋತಾಗ ಬೈಗುಳವನ್ನೂ ಬರೆದು ಕಳುಹಿಸಬಲ್ಲ. ತಾಯಿತಂದೆಯರು ಮೊಬೈಲನ್ನು ಪರೀಕ್ಷಿಸುತ್ತಾರೆ. ಆಟದ ಪೆಟ್ಟಿಗೆಯೊಳಗೂ ಒಂದು ಪತ್ರಸಂಚಿಯಿದೆ ಎಂಬುದು ಬಹುಮಂದಿಗೆ ಹೊಳೆಯುವುದೇ ಇಲ್ಲ.

ಇನ್ನು ಅಳಿಸುವಿಕೆಯ ಬಗೆಯನ್ನು ನೋಡೋಣ. ಹುಡುಗ ಬರೆದ ಸಂದೇಶ ಅವನ ಯಂತ್ರದಿಂದ ನೇರವಾಗಿ ಗೆಳೆಯನ ಯಂತ್ರಕ್ಕೆ ಹಾರುವುದಿಲ್ಲ. ಅದು ಮೊದಲು ಸೇರುವುದು ಕಂಪನಿಯ ಸರ್ವರನ್ನು, ಅಂದರೆ ಎಲ್ಲೋ ದೂರದಲ್ಲಿರುವ ಗಣಕಯಂತ್ರಗಳ ಉಗ್ರಾಣವನ್ನು. ಹುಡುಗನ ಪರದೆ, ಗೆಳೆಯನ ಪರದೆ ಇವೆರಡೂ ಆ ಉಗ್ರಾಣದೊಳಕ್ಕೆ ತೆರೆದಿರುವ ಎರಡು ಕಿಟಕಿಗಳು. ಎಕ್ಸ್‌ಬಾಕ್ಸಿನಲ್ಲಿ ಒಬ್ಬನು ಸಂವಾದವೊಂದನ್ನು ಅಳಿಸಿದರೆ ಮುಚ್ಚುವುದು ಅವನ ಕಿಟಕಿ ಮಾತ್ರ. ಎದುರಿನವನ ಕಿಟಕಿಯಲ್ಲಿ ಪ್ರತಿಯೊಂದು ಅಕ್ಷರವೂ ಇದ್ದಲ್ಲಿಯೇ ಇರುತ್ತದೆ. 2013ರಲ್ಲಿ ಮಾರುಕಟ್ಟೆಗೆ ಬಂದ ಪ್ಲೇಸ್ಟೇಷನ್ 4ರಲ್ಲಿಯಂತೂ ಕಳುಹಿಸಿದ ಒಂದೊಂದೇ ಸಂದೇಶವನ್ನು ಹಿಂದಕ್ಕೆ ಪಡೆಯುವ ಉಪಾಯವಿರಲಿಲ್ಲ. ಸಂವಾದದ ಗುಂಪನ್ನೇ ಬಿಟ್ಟು ಹೊರಬೀಳಬೇಕು. ಬಿಟ್ಟವನ ಪಟ್ಟಿಯಿಂದ ಅದು ಮರೆಯಾಗುತ್ತದೆ, ಉಳಿದವರು ಅದನ್ನು ಓದುತ್ತಲೇ ಇರುತ್ತಾರೆ. ಸಭೆಯಿಂದ ಎದ್ದು ಹೋದವನ ಮಾತು ಸಭೆಯಲ್ಲಿ ಉಳಿದಂತೆ.

ಸಂದೇಶ ಯಂತ್ರದಲ್ಲಿಲ್ಲ, ಉಗ್ರಾಣದಲ್ಲಿದೆ ಎಂಬುದಕ್ಕೆ 2018ರ ಅಕ್ಟೋಬರಿನಲ್ಲಿ ವಿಚಿತ್ರವಾದ ಪುರಾವೆಯೊಂದು ದೊರೆಯಿತು. ಆ ತಿಂಗಳು ಕೆಲವು ಕಿಡಿಗೇಡಿಗಳು ಪ್ಲೇಸ್ಟೇಷನ್ 4ಕ್ಕೆ ಅರ್ಥವಾಗದ ಚಿಹ್ನೆಯೊಂದನ್ನು ಸೇರಿಸಿ ಅಪರಿಚಿತರಿಗೆ ಸಂದೇಶ ಕಳುಹಿಸತೊಡಗಿದರು. ಸಂದೇಶ ತಲುಪಿದೊಡನೆ ಯಂತ್ರ ಸ್ತಬ್ಧವಾಗುತ್ತಿತ್ತು. ಕೆಲವರು ಗಾಬರಿಗೊಂಡು ಯಂತ್ರದಲ್ಲಿದ್ದುದೆಲ್ಲವನ್ನೂ ತೊಡೆದುಹಾಕಿ ಮೊದಲಿನಿಂದ ಸಜ್ಜುಗೊಳಿಸಿದರು. ಕಂಪನಿ ಸೂಚಿಸಿದ ಪರಿಹಾರ ಬೇರೆಯೇ ಆಗಿತ್ತು: ಮೊಬೈಲಿನಲ್ಲಿರುವ ಪ್ಲೇಸ್ಟೇಷನ್ ಸಂದೇಶಗಳ ಆಪ್‌ ತೆರೆದು ಅಲ್ಲಿಂದ ಆ ಸಂದೇಶವನ್ನು ತೆಗೆಯಿರಿ, ಬಳಿಕ ಯಂತ್ರವನ್ನು ಸರಿಪಡಿಸಿಕೊಳ್ಳಿರಿ. ಪಡಸಾಲೆಯ ಯಂತ್ರದ ಬೇನೆಗೆ ಜೇಬಿನಲ್ಲಿರುವ ಫೋನಿನಿಂದ ಚಿಕಿತ್ಸೆ! ಎರಡೂ ಒಂದೇ ಉಗ್ರಾಣದ ಕಿಟಕಿಗಳಾಗಿದ್ದುದರಿಂದಲೇ ಇದು ಸಾಧ್ಯವಾಯಿತು. ಸೋನಿ ಸಂಸ್ಥೆ ಮುಂದೆ ದೋಷವನ್ನು ನಿವಾರಿಸಿತು.

ಅಳಿಸಲು ಬಾರದುದನ್ನು ಬುದ್ಧಿಪೂರ್ವಕವಾಗಿ ನಿರ್ಮಿಸಿದ ಉದಾಹರಣೆಯೂ ಉಂಟು. 2006ರಲ್ಲಿ ಬಂದ ನಿಂಟೆಂಡೊ ವೀ ಎಂಬ ಯಂತ್ರದಲ್ಲಿ ಒಂದು ಸಂದೇಶ ಫಲಕವಿತ್ತು. ಮನೆಯವರು ಬರೆದಿಟ್ಟ ಚೀಟಿಗಳನ್ನು ಅಲ್ಲಿಂದ ತೆಗೆಯಬಹುದಿತ್ತು. ಆದರೆ ಈ ದಿನ ಯಾವ ಆಟವನ್ನು ಎಷ್ಟು ಹೊತ್ತು ಆಡಲಾಯಿತೆಂದು ಯಂತ್ರವೇ ಬರೆಯುತ್ತಿದ್ದ ದಿನಚರಿಯನ್ನು ತೆಗೆಯುವಂತಿರಲಿಲ್ಲ. ಪರೀಕ್ಷೆಯ ಹಿಂದಿನ ದಿನ ಓದುತ್ತಿದ್ದೆನೆಂದು ಹೇಳಿದ ಎಷ್ಟು ಮಕ್ಕಳ ಗುಟ್ಟು ಆ ಫಲಕದಿಂದ ರಟ್ಟಾಯಿತೋ! ಇದೇ ಸಂಸ್ಥೆಯ ಮೀವರ್ಸ್ ಎಂಬ ಬರಹ-ಚಿತ್ರಗಳ ಸಮುದಾಯ 2017ರ ನವೆಂಬರಿನಲ್ಲಿ ಮುಚ್ಚಿದಾಗ, ಬೇಕೆಂದವರಿಗೂ ಬೇಡವೆಂದವರಿಗೂ ಭೇದವಿಲ್ಲದೆ ಎಲ್ಲವೂ ಪರದೆಯಿಂದ ಒಮ್ಮೆಲೇ ಹೋಯಿತು. ಉಗ್ರಾಣದ ಬೀಗದ ಕೈ ಯಾರ ಸೊಂಟದಲ್ಲಿದೆಯೆಂಬುದು ಇಂಥ ಸಮಯದಲ್ಲಿ ಸ್ಪಷ್ಟವಾಗುತ್ತದೆ.

ಈಗ ಪ್ರಸ್ತುತ ವಿಷಯಕ್ಕೆ ಬರುತ್ತೇನೆ. ನನ್ನ ಪರಿಚಯದ ಕುಟುಂಬವೊಂದರ ಹದಿಮೂರು ವರ್ಷದ ಬಾಲಕನಿಗೆ ಆಟದಲ್ಲಿ ಜೊತೆಯಾಗಿದ್ದ ಕೆಲವರು, ಅವರಲ್ಲಿ ಇಬ್ಬರು ಅವನ ತರಗತಿಯವರೇ, ತಿಂಗಳುಗಟ್ಟಲೆ ಹೀನಾಯವಾದ ಮಾತುಗಳನ್ನು ಬರೆದು ಕಳುಹಿಸುತ್ತಿದ್ದರು. ಹುಡುಗ ಊಟ ಬಿಟ್ಟ, ಶಾಲೆಗೆ ಹೋಗಲು ಹೊಟ್ಟೆನೋವಿನ ನೆಪ ಹೇಳತೊಡಗಿದ. ಒಂದು ರಾತ್ರಿ ಸಂಗತಿ ತಿಳಿದ ತಂದೆ ಕೋಪದಲ್ಲಿ ಇಡೀ ಸಂವಾದವನ್ನು ಅಳಿಸಿ, ‘ಇನ್ನು ಪೀಡೆ ತೊಲಗಿತು’ ಎಂದು ಮಗನ ತಲೆ ನೇವರಿಸಿದರು. ಮರುದಿನ ದೂರು ಕೊಡಲು ಹೋದಾಗ ತೋರಿಸಲು ಏನೂ ಉಳಿದಿರಲಿಲ್ಲ. ಬೈದವರ ಪರದೆಯ ಮೇಲೆ ಮಾತ್ರ ಎಲ್ಲವೂ ಭದ್ರವಾಗಿತ್ತು; ಅದನ್ನೇ ಅವರು ಬೇರೆ ಹುಡುಗರಿಗೆ ತೋರಿಸಿ ನಕ್ಕರು. ನೊಂದವನ ಕೈಯಲ್ಲಿದ್ದ ಸಾಕ್ಷ್ಯ ನೊಂದವನ ಮನೆಯವರಿಂದಲೇ ನಾಶವಾಯಿತು. ತಂದೆಯ ವಾತ್ಸಲ್ಯದಲ್ಲಿ ಕೊರತೆಯಿರಲಿಲ್ಲ; ಪರದೆಯ ಮೇಲಿದ್ದ ಆ ಒಂದು ಪದ ಅವರನ್ನು ವಂಚಿಸಿತು.

ಹಾಗಾದರೆ ಕಳುಹಿಸಿದವನು ಎಲ್ಲ ಕಡೆಯಿಂದಲೂ ಅಳಿಸಿಹಾಕುವ ವ್ಯವಸ್ಥೆ ಇರಬೇಕಿತ್ತೇ? ಇರಬಾರದೆಂದೇ ನನ್ನ ಅಭಿಪ್ರಾಯ. ಹಾಗಿದ್ದಿದ್ದರೆ ಬೈದವನು ಬೈದು, ಎದುರಿನವನು ಓದಿದನೆಂದು ಖಚಿತಪಡಿಸಿಕೊಂಡು, ಮರುಕ್ಷಣವೇ ಗುರುತನ್ನು ಒರೆಸಿಬಿಡಬಹುದಿತ್ತು. ಓದಿದವನ ಪ್ರತಿ ಓದಿದವನಲ್ಲಿಯೇ ಉಳಿಯುವ ಈಗಿನ ಕ್ರಮ, ಕಂಪನಿಗಳ ಉದ್ದೇಶ ಏನೇ ಇರಲಿ, ದುರ್ಬಲನ ಪರವಾಗಿದೆ. ಇದಕ್ಕೆ ಎದುರಾದ ವಾದವೂ ಬಲವಾದುದೇ. ಹನ್ನೆರಡು ವರ್ಷದ ಹುಡುಗ ಸೋತ ಸಿಟ್ಟಿನಲ್ಲಿ ಬರೆದ ಒಂದು ಸಾಲು ಅವನನ್ನು ವರ್ಷಾನುಗಟ್ಟಲೆ ಹಿಂಬಾಲಿಸಬೇಕೇ? ತಪ್ಪು ಮಾಡುವುದು, ತಿದ್ದಿಕೊಳ್ಳುವುದು ಬಾಲ್ಯದ ಹಕ್ಕು ಎಂದು ಒಪ್ಪಿಯೇ ಅಲ್ಲವೇ ನಾವು ಶಾಲೆಗಳನ್ನು ನಡೆಸುವುದು? ಆದ್ದರಿಂದ ಸ್ವಲ್ಪ ಕಾಲಾವಕಾಶವನ್ನು ಕೊಡುವುದು ನ್ಯಾಯ. ವಾಟ್ಸಾಪ್ 2017ರಲ್ಲಿ ಎಲ್ಲರಿಂದಲೂ ಅಳಿಸುವ ಸೌಲಭ್ಯವನ್ನು ತಂದಾಗ ಏಳು ನಿಮಿಷಗಳ ಗಡುವಿತ್ತು. 2018ರಲ್ಲಿ ಅದು ಒಂದು ಗಂಟೆಗೆ ಮೀರಿತು; 2022ರಲ್ಲಿ ಎರಡು ದಿನಗಳನ್ನೂ ದಾಟಿತು. ಈ ಹಿಗ್ಗುವಿಕೆ ನನಗೆ ಒಪ್ಪಿಗೆಯಿಲ್ಲ. ಕೋಪವಿಳಿಯಲು ಏಳು ನಿಮಿಷ ಧಾರಾಳವಾಯಿತು. ಆದರೆ ಆ ಆಪ್‌ನಲ್ಲಿ ಒಂದು ಪ್ರಾಮಾಣಿಕತೆಯಿದೆ: ‘ನನಗೆ ಮಾತ್ರ’, ‘ಎಲ್ಲರಿಗೂ’ ಎಂಬ ಎರಡು ಆಯ್ಕೆಗಳನ್ನು ಅದು ಬೇರೆಬೇರೆಯಾಗಿ ತೋರಿಸುತ್ತದೆ, ಎಲ್ಲರಿಂದಲೂ ಅಳಿಸಿದಾಗ, ಇಲ್ಲೊಂದು ಸಂದೇಶವಿತ್ತು ಎಂಬ ಗುರುತನ್ನೂ ಉಳಿಸುತ್ತದೆ. ಆಟದ ಯಂತ್ರಗಳ ತಯಾರಕರಿಂದ ನಾನು ಬಯಸುವುದು ಇಷ್ಟೇ. ‘ಅಳಿಸು’ ಎಂಬ ಗುಂಡಿಯ ಪಕ್ಕದಲ್ಲಿ, ಇದು ನಿಮ್ಮ ಪಟ್ಟಿಯಿಂದ ಮಾತ್ರ ಮರೆಯಾಗುತ್ತದೆ ಎಂದು ಮಗುವಿಗೆ ತಿಳಿಯುವ ಭಾಷೆಯಲ್ಲಿ ಒಂದು ಸಾಲು ಬರೆಯಲಿ. ಒಂದು ಸಾಲಿಗೆ ಎಷ್ಟು ಖರ್ಚು?

ಬರಹವಾಯಿತು, ಮಾತಿನ ಕಥೆಯೂ ಹೀಗೆಯೇ. ಪ್ಲೇಸ್ಟೇಷನ್ 5ರಲ್ಲಿ ಆಡುತ್ತಾ ಮಾತನಾಡುವವರ ಧ್ವನಿಯ ಕೊನೆಯ ಐದು ನಿಮಿಷಗಳು ಯಂತ್ರದಲ್ಲಿ ತಾತ್ಕಾಲಿಕವಾಗಿ ಉಳಿಯುತ್ತವೆ; ನೊಂದವನು ಅದರಿಂದ 40 ಸೆಕೆಂಡುಗಳವರೆಗಿನ ತುಣುಕನ್ನು ದೂರಿನೊಡನೆ ಕಳುಹಿಸಬಹುದು. ಗಾಳಿಯಲ್ಲಿ ಹಾರಿಹೋಯಿತೆಂದುಕೊಂಡ ಮಾತು ಗಾಳಿಯಲ್ಲಿ ಹೋಗಿರುವುದಿಲ್ಲ.

ಕಾನೂನು ಇದೆಯಲ್ಲ ಎಂದು ಕೆಲವರು ಕೇಳಬಹುದು. ಇದೆ. ಯೂರೋಪಿನಲ್ಲಿ 2018ರ ಮೇ 25ರಿಂದ ಜಾರಿಯಲ್ಲಿರುವ ನಿಯಮಾವಳಿ, ತನ್ನ ಮಾಹಿತಿಯನ್ನು ಅಳಿಸಿರೆಂದು ಕಂಪನಿಯನ್ನು ಕೇಳುವ ಹಕ್ಕನ್ನು ವ್ಯಕ್ತಿಗೆ ನೀಡಿದೆ. ನಮ್ಮ ದೇಶದ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಅಧಿನಿಯಮವೂ ಅಂತಹ ಹಕ್ಕನ್ನು ಒಳಗೊಂಡಿದೆ. 18 ವರ್ಷ ತುಂಬದವರನ್ನು ಮಕ್ಕಳೆಂದು ಪರಿಗಣಿಸಿ ಪಾಲಕರ ಒಪ್ಪಿಗೆಯನ್ನು ಕಡ್ಡಾಯಗೊಳಿಸಿದೆ. ಅದರ ನಿಯಮಗಳು 2025ರ ನವೆಂಬರಿನಲ್ಲಿ ಪ್ರಕಟವಾದವು. ಕಂಪನಿಗಳ ಮುಖ್ಯ ಹೊಣೆಗಳಿಗೆ ಅಲ್ಲಿಂದ 18 ತಿಂಗಳ ಕಾಲಾವಕಾಶ ನೀಡಲಾಗಿದೆ. ಆದರೆ ವ್ಯಕ್ತಿಯೊಬ್ಬನು ತನ್ನ ಸ್ವಂತದ ಅಥವಾ ಮನೆಯ ಉದ್ದೇಶಕ್ಕಾಗಿ ಇಟ್ಟುಕೊಂಡುದಕ್ಕೆ ಈ ಅಧಿನಿಯಮ ಅನ್ವಯಿಸುವುದಿಲ್ಲ. ಎದುರು ಮನೆಯ ಹುಡುಗ ಪರದೆಗೆ ಫೋನು ಹಿಡಿದು ತೆಗೆದಿಟ್ಟುಕೊಂಡ ಚಿತ್ರವನ್ನು ಯಾವ ಗುಂಡಿಯೂ ಅಳಿಸಲಾರದು.

ಇವೆಲ್ಲವನ್ನೂ ಗಮನಿಸಿ ನಮ್ಮ ಶಾಲೆಗಳು ಮಾಡಬಹುದಾದ ಕೆಲಸವೊಂದಿದೆ. ಮನನೋಯಿಸುವ ಸಂದೇಶ ಬಂದ ಮಗುವಿಗೆ ‘ಅಳಿಸಿಬಿಡು, ಮರೆತುಬಿಡು’ ಎಂದು ಹೇಳುವ ಅಭ್ಯಾಸ ನಮ್ಮ ಶಿಕ್ಷಕರಲ್ಲಿ ಹೇರಳವಾಗಿದೆ. ಅದನ್ನು ಬಿಡಬೇಕು. ಮೊದಲು ಪರದೆಯ ಚಿತ್ರವನ್ನು ತೆಗೆದು, ತಾರೀಖು ಮತ್ತು ಕಳುಹಿಸಿದವನ ಹೆಸರು ಕಾಣುವಂತೆ ಇಟ್ಟುಕೊಳ್ಳಲಿ. ಬಳಿಕ ಯಂತ್ರದಲ್ಲಿಯೇ ಇರುವ ದೂರಿನ ಆಯ್ಕೆಯನ್ನು ಬಳಸಲಿ, ಕಳುಹಿಸಿದವನನ್ನು ತಡೆಹಿಡಿಯಲಿ. ಅಳಿಸುವುದಿದ್ದರೆ ಅದು ಕಟ್ಟಕಡೆಗೆ. ಇದನ್ನು ಭಾಷಣದಿಂದ ಕಲಿಸಲು ಬಾರದು. ಪಾಲಕರ ಸಭೆಯ ದಿನ, ಇಂತಹ ಯಂತ್ರವನ್ನು ಮನೆಯಲ್ಲಿಟ್ಟುಕೊಂಡಿರುವ ಹಳೆಯ ವಿದ್ಯಾರ್ಥಿಯೊಬ್ಬರು ಅದನ್ನು ಸಭಾಭವನಕ್ಕೆ ತಂದು, ಎರಡು ಖಾತೆಗಳನ್ನು ತೆರೆದು, ಒಂದರಿಂದ ‘ನಮಸ್ಕಾರ’ ಎಂದು ಕಳುಹಿಸಿ, ಆ ಸಂವಾದವನ್ನು ತಮ್ಮ ಪಟ್ಟಿಯಿಂದ ತೆಗೆದುಬಿಡಲಿ. ಆಮೇಲೆ ಇನ್ನೊಂದು ಖಾತೆಯನ್ನು ತೆರೆಯಲು ಸಭೆಯಿಂದ ಒಬ್ಬ ತಾಯಿಯನ್ನು ಕರೆಯಲಿ. ಹತ್ತು ನಿಮಿಷದ ಕೆಲಸ.