ಒಂದು ದಿನಕ್ಕೆ ಏಳು ಜಾಗ: ಇದು ಪ್ರವಾಸವಲ್ಲ, ಓಟ

ಮಳೆ ಬಿಟ್ಟ ಕೂಡಲೇ ನಮ್ಮ ಪುತ್ತೂರು, ಸುಳ್ಯ, ಕಡಬದ ವಾಟ್ಸಾಪ್ ಗುಂಪುಗಳಲ್ಲಿ ಒಂದು ಬಗೆಯ ಪೋಸ್ಟರ್ ಓಡಾಡಲು ಶುರುವಾಗುತ್ತದೆ. ಹಿಂದೆ ಬೇಕಲ ಕೋಟೆಯ ಫೋಟೋ, ಮೂಲೆಯಲ್ಲಿ ಒಂದು ಟಿಟಿ ಗಾಡಿ, ಕೆಳಗೆ ದಪ್ಪಕ್ಷರ: ‘ಒಂದೇ ದಿನದಲ್ಲಿ ಏಳು ಸ್ಥಳ! ಕೋಟೆ, ಬೀಚ್, ದೇವಸ್ಥಾನ, ಶಾಪಿಂಗ್. ಸೀಟು ಕೆಲವೇ.’ ಸಂಜೆಯೊಳಗೆ ಸೀಟು ಭರ್ತಿ.

ನಾವು ಪ್ರವಾಸದ ವಿರೋಧಿಗಳಲ್ಲ. ಬೀಡಿ ಕಟ್ಟಿ, ಡೈರಿಗೆ ಹಾಲು ಹಾಕಿ, ಸ್ವಸಹಾಯ ಸಂಘದಲ್ಲಿ ವಾರವಾರ ಉಳಿಸಿದ ದುಡ್ಡಿನಲ್ಲಿ ವರ್ಷಕ್ಕೊಮ್ಮೆ ಕಡಲು ನೋಡಲು ಹೊರಡುವ ಅಕ್ಕಂದಿರನ್ನು ಯಾರಾದರೂ ತಡೆದರೆ ಮೊದಲು ಜಗಳಕ್ಕೆ ನಿಲ್ಲುವವರು ನಾವೇ. ನಮ್ಮ ತಕರಾರು ಇರುವುದು ಆ ದುಡ್ಡಿಗೆ ಅವರಿಗೆ ಕೊಡುತ್ತಿರುವ ಸರಕಿನ ಬಗ್ಗೆ. ಕೋಟೆ ತೋರಿಸುತ್ತೇವೆ ಎಂದು ಕರೆದುಕೊಂಡು ಹೋಗುತ್ತಾರೆ, ಕೋಟೆ ನೋಡಲು ಬಿಡುವುದಿಲ್ಲ.

ಲೆಕ್ಕ ಹಾಕೋಣ ಬನ್ನಿ. ಬೆಳಿಗ್ಗೆ 5ಕ್ಕೆ ಪುತ್ತೂರು ಬಿಟ್ಟು ರಾತ್ರಿ 11ಕ್ಕೆ ವಾಪಸ್ ಎಂದುಕೊಳ್ಳಿ, ಒಟ್ಟು 18 ಗಂಟೆ. ಪಟ್ಟಿಯಲ್ಲಿ ಕಟೀಲು, ಪಣಂಬೂರು, ಸುಲ್ತಾನ್ ಬತ್ತೇರಿ, ಸೋಮೇಶ್ವರ, ಅನಂತಪುರ, ಬೇಕಲ, ಕೊನೆಗೊಂದು ಮಾಲ್. ಇಷ್ಟು ಸುತ್ತಲು ಗಾಡಿ ಕಮ್ಮಿಯೆಂದರೂ 8-9 ಗಂಟೆ ಓಡಬೇಕು. ತಿಂಡಿ, ಊಟ, ಚಾಕ್ಕೆ ಎರಡು ಗಂಟೆ. ಉಳಿದದ್ದು ಏಳು ಗಂಟೆ, ಜಾಗಗಳೂ ಏಳು. ಗಾಡಿ ನಿಲ್ಲಿಸಿ, ಎಲ್ಲರೂ ಇಳಿದು, ಎಣಿಸಿ, ಮತ್ತೆ ಹತ್ತಿಸುವುದಕ್ಕೇ ಅರ್ಧ ಹೊತ್ತು ಹೋಗುತ್ತದೆ. ಉಳಿದ ಅರ್ಧ ಗಂಟೆಯಲ್ಲಿ ಒಂದು ಗ್ರೂಪ್ ಫೋಟೋ, ನಾಲ್ಕು ಸೆಲ್ಫಿ. ಅಷ್ಟರಲ್ಲಿ ಡ್ರೈವರಣ್ಣ ಹಾರ್ನ್ ಹೊಡೆಯುತ್ತಾರೆ. ಅವರನ್ನು ಬೈದು ಫಲವಿಲ್ಲ. ಪಟ್ಟಿ ಮಾಡಿದವರು ಅವರಲ್ಲ.

ಈ ಓಟದಲ್ಲಿ ಅತಿ ಹೆಚ್ಚು ಕಷ್ಟ ಹೆಂಗಸರಿಗೆ. ಏಳು ಜಾಗದ ಪಟ್ಟಿಯಲ್ಲಿ ಶೌಚಾಲಯ ಎಲ್ಲೆಲ್ಲಿ ಸಿಗುತ್ತದೆ ಎಂಬ ಒಂದು ಸಾಲು ಇರುವುದಿಲ್ಲ. ಹಾಗಾಗಿ ದಿನವಿಡೀ ನೀರು ಕುಡಿಯದೆ ಕೂರುವವರಿದ್ದಾರೆ. ಕಡಲ ಬದಿಯ ಬಿಸಿಲಿನಲ್ಲಿ ನೀರು ಕುಡಿಯದೆ ಕೂರಲು ದುಡ್ಡು ಕೊಟ್ಟು ಹೋಗಬೇಕೇ?

ಇನ್ನು ಕೋಟೆಯ ವಿಷಯಕ್ಕೆ ಬರೋಣ. ಬೇಕಲದಿಂದ ಬಂದವರನ್ನು ಹೇಗಿತ್ತು ಎಂದು ಕೇಳಿ ನೋಡಿ. ‘ಕಡಲು ಲಾಯ್ಕ ಉಂಟು, ಕೋಟೆಯ ಒಳಗೆ ಎಂತದೂ ಇಲ್ಲ ಮಾರಾಯ್ರೆ, ಬರೀ ಹುಲ್ಲು’ ಎನ್ನುತ್ತಾರೆ. ಹೌದು, ಅಲ್ಲಿ ಅರಮನೆ ಇಲ್ಲ. ಅದು ರಾಜ ಸಂಸಾರ ಮಾಡಲು ಕಟ್ಟಿದ ಕೋಟೆಯೇ ಅಲ್ಲ, ಕಾವಲಿಗೆ ಕಟ್ಟಿದ್ದು. ಸುಮಾರು 1650ರ ಹೊತ್ತಿಗೆ ಇಕ್ಕೇರಿಯ ಶಿವಪ್ಪ ನಾಯಕ ಕಟ್ಟಿಸಿದ್ದು. ಆತನ ರಾಜಧಾನಿ ಬಿದನೂರು, ಇಂದಿನ ಹೊಸನಗರ ತಾಲೂಕಿನ ನಗರ. ಘಟ್ಟದ ಮೇಲೆ ಕುಳಿತು ಇಷ್ಟು ದೂರದ ಕಡಲನ್ನು ಆಳಬೇಕಾದರೆ ಕರಾವಳಿಯುದ್ದಕ್ಕೂ ಕೋಟೆ ಬೇಕಿತ್ತು. ಸುಮಾರು 40 ಎಕರೆಯ ಬೇಕಲ, ಇಂದಿನ ಕೇರಳದಲ್ಲೇ ಅತಿ ದೊಡ್ಡ ಕೋಟೆ.

ಅದರ ಗೋಡೆಯ ಕಿಂಡಿಗಳನ್ನು ಐದು ನಿಮಿಷ ನಿಂತು ನೋಡಿ. ಮೇಲಿನ ಕಿಂಡಿ ದೂರದಲ್ಲಿ ಬರುವ ಶತ್ರುವಿಗೆ, ಅದರ ಕೆಳಗಿನದು ಹತ್ತಿರ ಬಂದವನಿಗೆ, ಎಲ್ಲಕ್ಕಿಂತ ಕೆಳಗಿನದು ಗೋಡೆಯ ಬುಡಕ್ಕೇ ಬಂದವನಿಗೆ. ಒಂದೊಂದರ ಓರೆಯೂ ಬೇರೆ. ಮೆಟ್ಟಿಲಿಳಿಯುವ ದೊಡ್ಡ ಕೆರೆ ಇದೆ, ನಡುವೆ ಎತ್ತರದ ವೀಕ್ಷಣಾ ಬುರುಜು ಇದೆ. ಇದನ್ನು ತೋರಿಸಿ ಹೇಳುವವರೊಬ್ಬರಿದ್ದರೆ ಏಳನೇ ಕ್ಲಾಸಿನ ಹುಡುಗನೂ ಬಾಯಿ ಬಿಟ್ಟು ಕೇಳುತ್ತಾನೆ. ಹೇಳುವವರಿಲ್ಲದಿದ್ದರೆ ಬರೀ ಹುಲ್ಲೇ.

ಹೇಳುವವರಿಲ್ಲದ ಜಾಗದಲ್ಲಿ ರೀಲ್ಸ್ ಮಾತಾಡುತ್ತದೆ. ಒಬ್ಬ ಇದು ಟಿಪ್ಪು ಕಟ್ಟಿದ್ದು ಎಂದು ವಿಡಿಯೋ ಹಾಕುತ್ತಾನೆ, ಇನ್ನೊಬ್ಬ ಟಿಪ್ಪುವಿಗೂ ಇದಕ್ಕೂ ಸಂಬಂಧವೇ ಇಲ್ಲ ಎನ್ನುತ್ತಾನೆ. ಎರಡೂ ತಪ್ಪು. ಕಟ್ಟಿಸಿದ್ದು ಕೆಳದಿಯವರು. 1763ರಲ್ಲಿ ಹೈದರಾಲಿ ಬಿದನೂರು ಗೆದ್ದ ಮೇಲೆ ಕೋಟೆ ಮೈಸೂರಿನವರ ಕೈಗೆ ಬಂತು, ಟಿಪ್ಪು ಅದನ್ನು ಬಳಸಿದ. ಆಮೇಲೆ ಕಂಪನಿ ಸರ್ಕಾರ ಬಂತು. ಕೋಟೆ ಬಾಗಿಲಲ್ಲಿ ಆಂಜನೇಯನ ಗುಡಿಯಿದೆ, ಪಕ್ಕದಲ್ಲೇ ಹಳೆಯ ಮಸೀದಿಯೂ ಇದೆ. ಎರಡನ್ನೂ ನೋಡಿ ಬನ್ನಿ.

ಈಗ ನಮಗೆ ಹೆಚ್ಚು ಸಂಕಟವಾಗುವ ಮಾತು. ಪೋಸ್ಟರಿನಲ್ಲಿ ಇದಕ್ಕೆ ‘ಕೇರಳ ಟೂರ್’ ಎಂದು ಹೆಸರು. ಗಡಿ ದಾಟುತ್ತೇವೆ, ನಿಜ. ಆದರೆ 1956ರ ನವೆಂಬರ್ 1ರವರೆಗೆ ಕಾಸರಗೋಡೂ ನಾವೂ ಒಂದೇ ದಕ್ಷಿಣ ಕನ್ನಡ ಜಿಲ್ಲೆ. ಬ್ರಿಟಿಷರ ಕಾಲದಲ್ಲಿ ಬೇಕಲದ್ದೇ ಹೆಸರಿನ ತಾಲೂಕು ನಮ್ಮ ಜಿಲ್ಲೆಯಲ್ಲಿತ್ತು. ಪುತ್ತೂರಿನ ಅಜ್ಜಂದಿರಿಗೆ ಬೇಕಲ ಹೊರ ರಾಜ್ಯವಾಗಿರಲಿಲ್ಲ.

ಸುಳ್ಯದವರಿಗಂತೂ ಇನ್ನೂ ಹತ್ತಿರದ ನಂಟು. ಕೊಡಗಿನ ಬೆಟ್ಟದಲ್ಲಿ ಹುಟ್ಟಿ ಸುಳ್ಯ ಪೇಟೆಯ ಮಗ್ಗುಲಲ್ಲೇ ಹರಿಯುವ ನಮ್ಮ ಪಯಸ್ವಿನಿ ಮುಂದೆ ಎಲ್ಲಿಗೆ ಹೋಗುತ್ತದೆ ಗೊತ್ತೇ? ಗಡಿ ದಾಟಿ, ಚಂದ್ರಗಿರಿ ಹೊಳೆ ಎಂಬ ಹೆಸರು ಪಡೆದು, ಕಾಸರಗೋಡಿನ ಬಳಿ ಕಡಲು ಸೇರುತ್ತದೆ. ಆ ಹೊಳೆಯ ತೆಂಕಣ ದಡದ ಗುಡ್ಡದ ಮೇಲೆ ಚಂದ್ರಗಿರಿ ಕೋಟೆ ನಿಂತಿದೆ, ಅದೂ ಕೆಳದಿಯವರದ್ದೇ. ತುಳುನಾಡಿನ ತೆಂಕಣ ಗಡಿ ಎಂದು ಹಿರಿಯರು ಹೇಳುತ್ತಿದ್ದದ್ದು ಇದೇ ಹೊಳೆಯನ್ನು. 1967ರಲ್ಲಿ ಮಹಾಜನ ಆಯೋಗ ಕಾಸರಗೋಡಿನ ಯಾವ ಭಾಗ ಮೈಸೂರು ರಾಜ್ಯಕ್ಕೆ ಸೇರಬೇಕು ಎಂದು ಶಿಫಾರಸು ಮಾಡುವಾಗ ಗೆರೆ ಎಳೆದದ್ದೂ ಇದೇ ಹೊಳೆಯಲ್ಲಿ. ಕೋಟೆಯ ಮೇಲೆ ನಿಂತರೆ ಹೊಳೆ, ಕಡಲು, ತೆಂಗಿನ ತೋಟ ಒಟ್ಟಿಗೆ ಕಾಣುತ್ತವೆ. ಸುಳ್ಯದ ಸೇತುವೆಯ ಕೆಳಗೆ ಹರಿದ ನೀರು ಕಡಲು ಸೇರುವುದನ್ನು ಅಲ್ಲಿಂದ ನೋಡಬಹುದು. ಏಳು ಜಾಗದ ಪೋಸ್ಟರುಗಳಲ್ಲಿ ಈ ಕೋಟೆಯ ಹೆಸರು ನಮಗೆ ಕಂಡದ್ದಿಲ್ಲ. ಅದರ ಬದಲು ಮಾಲ್ ಇರುತ್ತದೆ.

ಇದನ್ನೆಲ್ಲ ಹೇಳುವುದು ಯಾರಿಂದಲೋ ಏನನ್ನೋ ಕಿತ್ತುಕೊಳ್ಳಲು ಅಲ್ಲ. ಕೋಟೆಯನ್ನು ಇಂದು ನೋಡಿಕೊಳ್ಳುತ್ತಿರುವವರಿಗೆ ಗೌರವ ಸಲ್ಲಲಿ. ಆದರೆ ನಮ್ಮ ಮಕ್ಕಳು ತಮ್ಮದೇ ಊರಿನ ಚರಿತ್ರೆಯನ್ನು ಪರವೂರಿನ ಸೀನರಿ ಎಂದು ನೋಡಿ ಬರುತ್ತಿದ್ದಾರಲ್ಲ, ಅದು ನಷ್ಟ.

ಮನೆಯ ಹತ್ತಿರದ ಕಥೆಗೂ ಇದೇ ಗತಿ. 1834ರಲ್ಲಿ ಕೊಡಗನ್ನು ಕಂಪನಿ ನುಂಗಿದ ಮೇಲೆ ಅಮರ ಸುಳ್ಯ, ಪುತ್ತೂರು ಸೀಮೆಯನ್ನು ಕೆನರಾಕ್ಕೆ ಸೇರಿಸಿದರು. ಅಲ್ಲಿಯವರೆಗೆ ಬೆಳೆಯ ರೂಪದಲ್ಲಿ ಕೊಡುತ್ತಿದ್ದ ಕಂದಾಯವನ್ನು ನಗದಾಗಿ ಕೊಡಿ ಎಂದರು. ರೈತ ಎದ್ದ. 1837ರ ಮಾರ್ಚ್ 30ರಂದು ಕೆದಂಬಾಡಿ ರಾಮಯ್ಯ ಗೌಡರ ಮುಂದಾಳತ್ವದಲ್ಲಿ ಬೆಳ್ಳಾರೆಯ ಖಜಾನೆ ವಶವಾಯಿತು. ದಂಡು ಪುತ್ತೂರು, ಬಂಟ್ವಾಳ ದಾಟಿ ಮಂಗಳೂರಿಗೆ ನುಗ್ಗಿ ಏಪ್ರಿಲ್ 5ರಂದು ಬಾವುಟಗುಡ್ಡೆಯಲ್ಲಿ ಬಾವುಟ ಹಾರಿಸಿತು. ಕಂಪನಿಯ ಪಡೆ ಮತ್ತೆ ಬರುವವರೆಗೆ 13 ದಿನ ಮಂಗಳೂರು ನಮ್ಮವರ ಕೈಯಲ್ಲಿತ್ತು. ಆಮೇಲೆ ಗಲ್ಲು, ಗಡೀಪಾರು. ಬಾವುಟಗುಡ್ಡೆಯಲ್ಲಿ ರಾಮಯ್ಯ ಗೌಡರ ಪ್ರತಿಮೆ ನಿಂತದ್ದು 2022ರಲ್ಲಿ. ಮಂಗಳೂರು ಟೂರ್ ಎಂದು ಸುಳ್ಯದಿಂದ ಹೊರಡುವ ಗಾಡಿಗಳಲ್ಲಿ ಎಷ್ಟು ಅಲ್ಲಿ ಹತ್ತು ನಿಮಿಷ ನಿಲ್ಲುತ್ತವೆ?

ಇದಕ್ಕೆ ಬರುವ ಉತ್ತರ ನಮಗೆ ಗೊತ್ತು. ‘ಜನ ಮೋಜಿಗೆ ಬರುತ್ತಾರೆ, ಪಾಠ ಕೇಳಲು ಅಲ್ಲ.’ ಯಕ್ಷಗಾನದಲ್ಲಿ ರಾತ್ರಿಯಿಡೀ ಕೂತು ಅರ್ಥ ಕೇಳುವ ಜನ ನಾವು. ತಾಳಮದ್ದಳೆಯಲ್ಲಿ ವೇಷ, ಕುಣಿತ ಯಾವುದೂ ಇಲ್ಲದೆ ಬರೀ ಮಾತಿಗೆ ತಲೆದೂಗುತ್ತೇವೆ. ನಮಗೆ ಕಥೆ ಬೇಡ ಎಂದು ಹೇಳಿದವರು ಯಾರು? ಚೆನ್ನಾಗಿ ಹೇಳುವವರು ಬೇಕು, ಅಷ್ಟೇ.

ಇನ್ನೊಂದು ಉತ್ತರಕ್ಕೆ ಹೆಚ್ಚು ತೂಕವಿದೆ. ‘ನಾವು ಹೋಗುವುದೇ ವರ್ಷಕ್ಕೊಮ್ಮೆ. ಅದೇ ಬಾಡಿಗೆಗೆ ಎರಡು ಜಾಗದ ಬದಲು ಏಳು ಸಿಕ್ಕಿದರೆ ಲಾಭವಲ್ಲವೇ?’ ಲಾಭ ಅನಿಸುವುದು ಸಹಜ. ಆದರೆ ಕಿಲೋಮೀಟರ್ ಹೆಚ್ಚಾದಷ್ಟೂ ಡೀಸೆಲ್ ಹೆಚ್ಚು, ಅದನ್ನು ಕೊಡುವವರು ನೀವೇ. ಸುಳ್ಯದಿಂದ ಜಾಲ್ಸೂರು, ಆದೂರು, ಮುಳ್ಳೇರಿಯ, ಚೆರ್ಕಳ ದಾರಿಯಲ್ಲಿ ನೇರ ಹೋದರೆ ಎರಡು ಗಂಟೆಯ ಆಸುಪಾಸಿನಲ್ಲಿ ಬೇಕಲ ಮುಟ್ಟಬಹುದು. ಪುತ್ತೂರಿನವರಿಗೆ ವಿಟ್ಲ, ಪೆರ್ಲ, ಬದಿಯಡ್ಕದ ದಾರಿ ಇದೆ. ಕಡಬದವರು ಒಂದು ಗಂಟೆ ಸೇರಿಸಿಕೊಳ್ಳಲಿ. ಬೆಳಿಗ್ಗೆ ಬೇಕಲದಲ್ಲಿ ಎರಡೂವರೆ ಗಂಟೆ, ಮಧ್ಯಾಹ್ನ ನಿಧಾನದ ಊಟ, ಇಳಿಹೊತ್ತಿನಲ್ಲಿ ಚಂದ್ರಗಿರಿ ಕೋಟೆ, ಒಂದು ಕಡಲ ದಂಡೆ. ರಾತ್ರಿ ಎಂಟಕ್ಕೆಲ್ಲ ಮನೆ. ಬಾಡಿಗೆಯೂ ಕಮ್ಮಿ, ಮರುದಿನ ಸೊಸೈಟಿಗೆ ಹಾಲು ಹಾಕಲು ಎದ್ದೇಳಲೂ ಆಗುತ್ತದೆ.

ಉಳಿದ ಬಾಡಿಗೆ ದುಡ್ಡಿನಲ್ಲಿ ಹೇಳುವವರನ್ನು ಕರೆದುಕೊಳ್ಳಿ. ಕಾಸರಗೋಡಿನ ಸರ್ಕಾರಿ ಕಾಲೇಜಿನಲ್ಲಿ ಕನ್ನಡ ವಿಭಾಗವಿದೆ. ಪುತ್ತೂರು, ಸುಳ್ಯದ ಕಾಲೇಜುಗಳಲ್ಲಿ ಚರಿತ್ರೆ ಓದಿ ಕೆಲಸವಿಲ್ಲದೆ ಕೂತ ಹುಡುಗ ಹುಡುಗಿಯರಿದ್ದಾರೆ. ಅವರಿಗೆ ದಿನಕ್ಕೆ 1,200 ರೂಪಾಯಿ ಕೊಟ್ಟರೆ ಟಿಟಿಯ 12 ಜನರಿಗೆ ತಲೆಗೆ 100 ಬೀಳುತ್ತದೆ. ಐವತ್ತು ಜನರ ಬಸ್ಸಿನಲ್ಲಿ ಇದು ಆಗುವುದಿಲ್ಲ, ಹಿಂದಿನವರಿಗೆ ಕೇಳುವುದೇ ಇಲ್ಲ. 12 ಜನರಾದರೆ ಒಬ್ಬರ ಸುತ್ತ ನಿಂತು ಪ್ರಶ್ನೆ ಕೇಳಬಹುದು. ಸಣ್ಣ ಗುಂಪಿನ ಟೂರ್ ಎಂದು ಪೋಸ್ಟರಿನಲ್ಲಿ ಹಾಕುತ್ತೀರಲ್ಲ, ಆ ಸಣ್ಣ ಗುಂಪಿನ ಪ್ರಯೋಜನ ಇದೇ. ಅದನ್ನು ಬಿಟ್ಟು ಮಿಕ್ಕಿದ್ದೆಲ್ಲ ಮಾಡುತ್ತಿದ್ದೀರಿ.

ಕಡಲಿನ ಬಗ್ಗೆಯೂ ಒಂದು ಮಾತು. ಕುಮಾರಧಾರೆಯಲ್ಲೋ ಪಯಸ್ವಿನಿಯಲ್ಲೋ ಈಜಿ ಬೆಳೆದವರಿಗೆ ನೀರಿನ ಹೆದರಿಕೆ ಕಮ್ಮಿ. ಅದೇ ಅಪಾಯ. ಹೊಳೆಯ ಸೆಳೆತ ಕಣ್ಣಿಗೆ ಕಾಣುತ್ತದೆ, ಕಡಲಿನದು ಕಾಣುವುದಿಲ್ಲ. ಅಲೆ ಕಮ್ಮಿ ಇದೆ ಎಂದು ಇಳಿದ ಜಾಗದಲ್ಲೇ ನೀರು ಒಳಕ್ಕೆ ಎಳೆಯುತ್ತಿರಬಹುದು. ಸೋಮೇಶ್ವರದ ಬಂಡೆಗಳ ಹತ್ತಿರ ಅರ್ಧ ಗಂಟೆ ಬಿಟ್ಟು ‘ಬೇಗ ಸ್ನಾನ ಮುಗಿಸಿ’ ಎನ್ನುವುದು ಜೀವದ ಜತೆ ಆಟ. ಮೀನುಗಾರರೋ ಕಾವಲಿನವರೋ ಇಳಿಯಬೇಡಿ ಎಂದರೆ ಅಲ್ಲಿಗೆ ಮುಗಿಯಿತು, ಅವರ ಜತೆ ವಾದ ಬೇಡ.

ಹಾಗಾದರೆ ಮುಂದಿನ ಪೋಸ್ಟರ್ ಬಂದಾಗ ಏನು ಮಾಡಬೇಕು? ಅಡ್ವಾನ್ಸ್ ಕಳಿಸುವ ಮೊದಲು ಫೋನ್ ಮಾಡಿ ಇಷ್ಟು ಕೇಳಿ.

ಗಾಡಿ ಹಳದಿ ಬೋರ್ಡಿನದೋ ಬಿಳಿ ಬೋರ್ಡಿನದೋ? ಕೇರಳಕ್ಕೆ ಪರ್ಮಿಟ್ ಉಂಟೋ? ಸ್ವಂತ ಬಳಕೆಯ ಗಾಡಿಯನ್ನು ಬಾಡಿಗೆಗೆ ಓಡಿಸಿ ಏನಾದರೂ ಆದರೆ ವಿಮೆ ಕಂಪನಿ ಕೈ ಎತ್ತಬಹುದು, ಆಮೇಲೆ ಕೋರ್ಟಿಗೆ ಅಲೆಯುವವರು ನೀವು.

ಪ್ರತಿ ಜಾಗದಲ್ಲಿ ಎಷ್ಟು ಹೊತ್ತು? ಬೇಕಲಕ್ಕೆ ಎಷ್ಟು ಗಂಟೆಗೆ ಮುಟ್ಟುತ್ತೇವೆ? ಸಂಜೆಯಾದ ಮೇಲೆ ಕೋಟೆಯೊಳಗೆ ಬಿಡುವುದಿಲ್ಲ, ಗೇಟಿನ ಫೋಟೋ ತೆಗೆದು ಬರಬೇಕಾಗುತ್ತದೆ.

ಟಿಕೆಟ್ ದುಡ್ಡು ಬಾಡಿಗೆಯಲ್ಲಿ ಸೇರಿದೆಯೋ? ಬೇಕಲ ಕೇಂದ್ರ ಪುರಾತತ್ವ ಇಲಾಖೆಯ ಕೋಟೆ, 15 ವರ್ಷದೊಳಗಿನ ಮಕ್ಕಳಿಗೆ ಟಿಕೆಟ್ ಇಲ್ಲ. ಮಕ್ಕಳ ಹೆಸರಿನಲ್ಲೂ ದುಡ್ಡು ಕೇಳಿದರೆ ಯಾಕೆ ಎಂದು ಕೇಳಿ.

ಹೆಂಗಸರಿಗೆ ಶೌಚಾಲಯಕ್ಕೆ ಎಲ್ಲೆಲ್ಲಿ ನಿಲ್ಲಿಸುತ್ತೀರಿ? ಕೋಟೆಯ ಬಗ್ಗೆ ಕನ್ನಡದಲ್ಲೋ ತುಳುವಿನಲ್ಲೋ ಹೇಳುವವರು ಗಾಡಿಯಲ್ಲಿ ಇರುತ್ತಾರೋ?

ಈ ಪ್ರಶ್ನೆಗಳಿಗೆ ಉತ್ತರ ಕೊಡುವವರು ನಮ್ಮ ಮೂರೂ ತಾಲೂಕಿನಲ್ಲಿ ಇಬ್ಬರು ಮೂವರು ಹುಟ್ಟಿಕೊಂಡರೂ ಸಾಕು, ಉಳಿದವರು ತಾನಾಗಿ ಪಟ್ಟಿ ಬದಲಾಯಿಸುತ್ತಾರೆ. ಸೀಟು ಖಾಲಿ ಉಳಿದರೆ ಯಾರಿಗೂ ಆಗಿಬರುವುದಿಲ್ಲ. ಉತ್ತರ ಕೊಡದವರಿಗೆ ಅಡ್ವಾನ್ಸ್ ಕಳಿಸಬೇಡಿ. ನಿಮ್ಮ ಸಂಘದ ಗುಂಪಿನಲ್ಲಿ ಆ ಪೋಸ್ಟರಿನ ಕೆಳಗೇ ಈ ಪ್ರಶ್ನೆಗಳನ್ನು ಹಾಕಿ, ಎಲ್ಲರೂ ನೋಡಲಿ.