ಮಗನಿಗಿಂತ ಚಿಕ್ಕ ತಾಯಿ

1970ರಲ್ಲಿ ಬಂದ ‘ಜಾನಿ ಮೇರಾ ನಾಮ್’ ಹಿಂದಿ ಚಿತ್ರದಲ್ಲಿ ಒಬ್ಬಳು ತಾಯಿ, ಇಬ್ಬರು ಗಂಡುಮಕ್ಕಳು. ಚಿಕ್ಕಂದಿನಲ್ಲೇ ಅಗಲಿದ ಅಣ್ಣತಮ್ಮಂದಿರು ಕೊನೆಗೆ ಒಂದಾಗುವ ಕಥೆ. ಮಕ್ಕಳ ಪೈಕಿ ಪ್ರಾಣ್ ಅವರಿಗೆ ಆಗ ವಯಸ್ಸು 50, ದೇವಾನಂದ್ ಅವರಿಗೆ 47. ತಾಯಿಯಾದ ಸುಲೋಚನಾ ಅವರಿಗೆ 42! ನೋಡಿದವರಾರೂ ನಗಲಿಲ್ಲ. ಮಕ್ಕಳ ತಲೆ ಸವರಿದ ಆ ಕೈಯನ್ನು ಎಲ್ಲರೂ ನಂಬಿದರು.

ಈ ಸುಲೋಚನಾ ನಮ್ಮ ಬೆಳಗಾವಿ ಜಿಲ್ಲೆಯವರು. ಚಿಕ್ಕೋಡಿ ಭಾಗದ ಖಡಕಲಾಟದಲ್ಲಿ 1928ರ ಜುಲೈ 30ರಂದು ಹುಟ್ಟಿದವರು. ಬೆಳಗಾವಿ, ಖಾನಾಪುರ, ನಿಪ್ಪಾಣಿ ಕಡೆಯವರಿಗೆ ಕೊಲ್ಹಾಪುರವೇನೂ ಪರದೇಶವಲ್ಲ. ಒಂದೇ ಓಣಿಯಲ್ಲಿ ಕನ್ನಡ, ಮರಾಠಿ ಎರಡೂ ಕೇಳುವ ಸೀಮೆಯಿದು. ಆಗ ಮರಾಠಿ ಚಿತ್ರಗಳ ತವರಾಗಿದ್ದ ಕೊಲ್ಹಾಪುರದಲ್ಲಿ ನಿರ್ದೇಶಕ ಭಾಲಜಿ ಪೆಂಢಾರ್ಕರ್ ಈಕೆಯನ್ನು ತಿದ್ದಿ ಬೆಳೆಸಿದರು. ಚೆಲುವಾದ ಕಣ್ಣಿನವಳು ಎಂಬರ್ಥದ ‘ಸುಲೋಚನಾ’ ಹೆಸರೂ ಅವರು ಕೊಟ್ಟದ್ದೇ. 1946ರ ‘ಸಾಸುರವಾಸ’ ಚಿತ್ರದ ಹೊತ್ತಿಗೆ ಈಕೆ ನಾಯಕಿ. 1953ರ ‘ವಹಿನೀಂಚ್ಯಾ ಬಾಂಗಡ್ಯಾ’ ಚಿತ್ರದ ಅತ್ತಿಗೆಯಾಗಿ ಮರಾಠಿ ಮನೆಮನೆಗೂ ಬೇಕಾದವರಾದರು.

ಹಿಂದಿ ಚಿತ್ರರಂಗ ಮಾತ್ರ ಈಕೆಗೆ ಬೇರೆಯದೇ ಪೀಠ ಹಾಕಿಟ್ಟಿತ್ತು. 1959ರ ‘ದಿಲ್ ದೇಕೆ ದೇಖೋ’ದಲ್ಲಿ ಶಮ್ಮಿ ಕಪೂರ್‌ಗೆ ತಾಯಿ. ಈ ತಾಯಿ ಮಗನಿಗಿಂತ ಬರೀ ಮೂರು ವರ್ಷಕ್ಕೆ ದೊಡ್ಡವಳು. ಅಲ್ಲಿಂದ ಮುಂದೆ ಬಿಳಿ ಸೀರೆ, ನರೆತ ಕೂದಲು ಖಾಯಂ ಆದವು.

ಇದೊಂದು ಹಳೆಯ ಅನ್ಯಾಯ. ಕನ್ನಡದಲ್ಲೂ ಇದಕ್ಕೆ ಉದಾಹರಣೆಯುಂಟು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರಿಗೆ ಹೆಂಡತಿಯಾಗಿದ್ದ ಪಂಢರಿಬಾಯಿ 1986ರ ‘ಅನುರಾಗ ಅರಳಿತು’ ಹೊತ್ತಿಗೆ ಅವರ ತಾಯಿ. ಆ 32 ವರ್ಷ ನಾಯಕನಿಗೆ ತಟ್ಟಲೇ ಇಲ್ಲ. ನಾಯಕಿಗೆ ಮಾತ್ರ ಬಡ್ಡಿಸಮೇತ ತಟ್ಟಿತು.

ಹಾಗೆಂದು ಸುಲೋಚನಾ ಅವರನ್ನು ಬರೀ ಮರುಕದಿಂದ ನೋಡಿದರೆ ಅದು ಇನ್ನೊಂದು ಅನ್ಯಾಯ. ಬಿಮಲ್ ರಾಯ್ ಅವರ ‘ಸುಜಾತಾ’ ಕೂಡ 1959ರದ್ದೇ. ಅದರಲ್ಲಿ ಈಕೆ ಮೇಲುಜಾತಿಯ ಗೃಹಿಣಿ. ಅಸ್ಪೃಶ್ಯರ ಅನಾಥ ಕೂಸನ್ನು ಮನೆಯಲ್ಲಿಟ್ಟು ಸಾಕುತ್ತಾಳೆ, ಆದರೆ ಮಗಳೆನ್ನಲು ನಾಲಿಗೆ ಏಳುವುದಿಲ್ಲ. ‘ಮಗಳಂಥವಳು’ ಎಂಬಲ್ಲಿಗೇ ನಿಲ್ಲುತ್ತದೆ. ಕೆಟ್ಟವಳಲ್ಲ, ಆದರೆ ಜಾತಿಯ ಗೆರೆ ದಾಟಲಾರಳು. ಕೊನೆಗೆ ಆ ಹುಡುಗಿಯ ರಕ್ತವೇ ಇವಳ ಜೀವ ಉಳಿಸಿದಾಗ ಗೆರೆ ಅಳಿಯುತ್ತದೆ. ನೂತನ್ ಅವರಂಥ ನಟಿಯೆದುರು ಈ ತಾಯಿಯ ಒಳತೋಟಿ ಸುಳ್ಳಾಗಿದ್ದರೆ ಇಡೀ ಚಿತ್ರವೇ ಬಿದ್ದುಹೋಗುತ್ತಿತ್ತು. 1964ರ ‘ಮರಾಠಾ ತಿತುಕಾ ಮೇಳವಾವಾ’ದಲ್ಲಿ ಇದೇ ಸುಲೋಚನಾ ಜೀಜಾಬಾಯಿ. ಅಲ್ಲಿ ತಾಯಿಯೆಂದರೆ ಕಣ್ಣೀರಲ್ಲ, ಮಗನನ್ನು ರಾಜನಾಗಿಸುವ ಛಲ.

ಚಿತ್ರರಂಗ ಕೊಟ್ಟದ್ದು ಒಂದೇ ಸೀರೆ. ಅದನ್ನುಟ್ಟು ಈಕೆ ಬೇರೆಬೇರೆ ಹೆಂಗಸರಾಗಿ ನಿಂತರು. ನಾಯಕಿಯರ ಕಾಲ ಹತ್ತು ವರ್ಷಕ್ಕೆ ಮುಗಿಯುತ್ತಿದ್ದ ದಿನಗಳಲ್ಲಿ ಹಿಂದಿ, ಮರಾಠಿ ಸೇರಿ 250ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. 1999ರಲ್ಲಿ ಪದ್ಮಶ್ರೀ, 2009ರಲ್ಲಿ ಮಹಾರಾಷ್ಟ್ರ ಭೂಷಣ ಬಂದವು. 2023ರ ಜೂನ್ 4ರಂದು ಮುಂಬೈಯಲ್ಲಿ ತೀರಿಕೊಂಡಾಗ ಅವರಿಗೆ 94 ವರ್ಷ.

ಮಹಾರಾಷ್ಟ್ರ ಈಕೆಯನ್ನು ‘ದೀದಿ’ ಎಂದು ಕರೆದು ತನ್ನವರನ್ನಾಗಿ ಮಾಡಿಕೊಂಡಿತು. ಅದು ತಪ್ಪಲ್ಲ. ಗಡಿಯ ಬಗ್ಗೆ ಇಷ್ಟೆಲ್ಲ ಮಾತಾಡುವ ನಾವು ಖಡಕಲಾಟದ ಈ ಹೆಣ್ಣುಮಗಳನ್ನು ಮರೆತೆವಲ್ಲ, ಅದು ತಪ್ಪು. ಮುಂದೆಂದಾದರೂ ಟೀವಿಯಲ್ಲಿ ‘ಸುಜಾತಾ’ ಬಂದರೆ, ನೂತನ್ ಜೊತೆಗೆ ಆ ತಾಯಿಯ ಮುಖವನ್ನೂ ಒಮ್ಮೆ ನೋಡಿ.