ತಬರನಿಗೆ ಹೆಸರಿತ್ತು, ನಮ್ಮ ಸುದ್ದಿಯ ಅಜ್ಜನಿಗೆ ಇರಲಿಲ್ಲ

ಹೋದ ವರ್ಷ ವೃದ್ಧಾಪ್ಯ ವೇತನ ನಿಂತುಹೋದವರ ಬಗ್ಗೆ ನಾವೊಂದು ಸುದ್ದಿ ಕಳಿಸಿದ್ದೆವು. ‘ಫಲಾನುಭವಿಗಳ ಪರದಾಟ’ ಅಂತ ಹೆಡ್ಡಿಂಗ್. ಎಷ್ಟು ಜನ, ಎಷ್ಟು ತಿಂಗಳು, ಅಧಿಕಾರಿಗಳು ಏನಂದರು, ಎಲ್ಲ ಇತ್ತು. ಎರಡು ದಿನ ನಮ್ಮ ಜೊತೆ ಕಚೇರಿ ಸುತ್ತಿದ ಅಜ್ಜ ಮಾತ್ರ ಇರಲಿಲ್ಲ. ಮೊಮ್ಮಗನ ಕೈಲಿ ಪೇಪರ್ ಓದಿಸಿ ಕೇಳಿ ಫೋನ್ ಮಾಡಿದ: “ತಮ್ಮಾ, ಇದ್ರಾಗ ನಾ ಎಲ್ಲಿ ಅದೀನಿ?”

ನಮ್ಮ ಹತ್ತಿರ ಉತ್ತರ ಇರಲಿಲ್ಲ. ಆವತ್ತು ರಾತ್ರಿ ನೆನಪಾದದ್ದು ಗಿರೀಶ ಕಾಸರವಳ್ಳಿ ಅವರ ‘ತಬರನ ಕಥೆ’. ಡಿಪ್ಲೊಮಾ ಓದುವಾಗ ನೋಡಿದ್ದು, 1986ರ ಸಿನಿಮಾ, ಪೂರ್ಣಚಂದ್ರ ತೇಜಸ್ವಿ ಅವರ ಕಥೆ. ತಬರ ಬ್ರಿಟಿಷರ ಕಾಲದಿಂದ ದುಡಿದ ಸರ್ಕಾರಿ ಜವಾನ. ಸರ್ಕಾರ ಅಂದರೆ ಅವನಿಗೆ ದೇವರಿದ್ದ ಹಾಗೆ. ನಿವೃತ್ತಿಯಾದ ಮೇಲೆ ಪಿಂಚಣಿಗಾಗಿ ಅದೇ ಸರ್ಕಾರದ ಬಾಗಿಲು ಬಾಗಿಲು ಅಲೆಯುತ್ತಾನೆ. ಇತ್ತ ಸಕ್ಕರೆ ಕಾಯಿಲೆಯ ಹೆಂಡತಿಯ ಕಾಲು ಕೊಳೆಯುತ್ತಿದೆ. ದುಡ್ಡು ಬರುವ ಹೊತ್ತಿಗೆ ಅವಳೇ ಇಲ್ಲ.

ನಾವಾಗಿದ್ದರೆ ಇದನ್ನು ‘ಕೆಂಪುಪಟ್ಟಿಗೆ ಬಲಿ’ ಅಂತ ಮುಗಿಸುತ್ತಿದ್ದೆವು. ಕಾಸರವಳ್ಳಿ ಹಾಗೆ ಮಾಡಲಿಲ್ಲ. ತಬರನಿಗೆ ತನ್ನ ನೌಕರಿಯ ಬಗ್ಗೆ ಇದ್ದ ಜಂಬವನ್ನೂ ತೋರಿಸಿದರು. ಆ ಜಂಬ ಮುರಿಯುವುದು ನೋಡಿದಾಗಲೇ ನಮಗೆ ಹೊಟ್ಟೆಯಲ್ಲಿ ಸಂಕಟವಾದದ್ದು. ಚಾರುಹಾಸನ್ ಅವರಿಗೆ ಆ ಪಾತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಕಾಸರವಳ್ಳಿ ಹುಟ್ಟಿದ್ದು 1950ರಲ್ಲಿ, ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ. ಮಣಿಪಾಲದಲ್ಲಿ ಫಾರ್ಮಸಿ ಓದಿದವರು, ಆಮೇಲೆ ಪುಣೆಯ ಫಿಲ್ಮ್ ಇನ್ಸ್ಟಿಟ್ಯೂಟಿಗೆ ಹೋದರು. ಮೊದಲ ಸಿನಿಮಾ ‘ಘಟಶ್ರಾದ್ಧ’ 1977ರಲ್ಲಿ ಬಂತು, ಅದಕ್ಕೇ ಸ್ವರ್ಣಕಮಲ. ಆಮೇಲೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಸೇರಿ ಒಟ್ಟು ನಾಲ್ಕು. ಪ್ರಶಸ್ತಿ ಲೆಕ್ಕ ಸಾಕು.

ನಮಗೆ ಹೇಳಬೇಕಾದದ್ದು ಅವರ ಬರವಣಿಗೆ ಬಗ್ಗೆ. ಹೆಚ್ಚಿನವು ಬೇರೆಯವರ ಕಥೆಗಳೇ, ಆದರೆ ಚಿತ್ರಕಥೆ ಬರೆಯುವಾಗ ಅವನ್ನು ಬಿಚ್ಚಿ ಮತ್ತೆ ಹೊಲಿಯುತ್ತಾರೆ. ವೈದೇಹಿ ಅವರ ಕಥೆಯಲ್ಲಿ ಊರಿಗೆ ಬರುವುದು ಟಾಕೀಸು. ‘ಗುಲಾಬಿ ಟಾಕೀಸ್’ ಸಿನಿಮಾದಲ್ಲಿ ಬರುವುದು ಟಿವಿ. ಗುಲಾಬಿ ಕರಾವಳಿಯ ಮೀನುಗಾರರ ನಡುವೆ ಇರುವ ಮುಸ್ಲಿಂ ಸೂಲಗಿತ್ತಿ, ಸಿನಿಮಾ ಹುಚ್ಚಿನವಳು. ಹೆರಿಗೆ ಮಾಡಿಸಿದ್ದಕ್ಕೆ ಟಿವಿ, ಡಿಶ್ ಸಿಗುತ್ತದೆ, ಕೇರಿಯ ಹೆಂಗಸರು ಅವಳ ಗುಡಿಸಲಿಗೆ ಬಂದು ಕೂರುತ್ತಾರೆ. ಹೊರಗೆ ದೊಡ್ಡ ಬೋಟುಗಳ ಜಗಳ, ಕಾರ್ಗಿಲ್ ಯುದ್ಧದ ಕಾಲ. ನಿನ್ನೆ ಒಟ್ಟಿಗೆ ಕೂತು ಧಾರಾವಾಹಿ ನೋಡಿದವರಿಗೆ ಇವತ್ತು ಅವಳ ಧರ್ಮ ಕಾಣಿಸತೊಡಗುತ್ತದೆ. ಯಾರೂ ಭಾಷಣ ಮಾಡುವುದಿಲ್ಲ. ಉಮಾಶ್ರೀ ಅವರನ್ನು ಬರೀ ನಗಿಸುವ ನಟಿ ಅಂದುಕೊಂಡವರು ಇದನ್ನು ನೋಡಬೇಕು.

‘ದ್ವೀಪ’ದ ನಾಗಿಯೂ ಹಾಗೇ. ಮೂಲ ಕಾದಂಬರಿ ಸಾಗರದ ನಾ. ಡಿಸೋಜ ಅವರದ್ದು. ಅಣೆಕಟ್ಟಿನ ನೀರು ಏರುತ್ತಿದೆ, ಊರು ಖಾಲಿ, ಗುಡ್ಡದ ಮೇಲೆ ಒಂದೇ ಮನೆ. ಮುಳುಗಡೆ ಎಂದರೆ ನಮಗೆ ಎಕರೆ ಮತ್ತು ಪರಿಹಾರದ ಲೆಕ್ಕ. ಅಲ್ಲಿ ಕಾಣುವುದು, ಸಂಸಾರ ಉಳಿಸಲು ಮಳೆಯಲ್ಲಿ ಒದ್ದಾಡಿದ ಹೆಣ್ಣು. ಕೊನೆಗೆ ಗಂಡ ದೇವರು ಕಾಪಾಡಿದ ಅನ್ನುತ್ತಾನೆ. ಆಗ ನಾಗಿಯಾಗಿ ನಿಂತ ಸೌಂದರ್ಯ ಅವರ ಮುಖ ನೋಡಿ. ಈ ಸಿನಿಮಾಕ್ಕೆ ದುಡ್ಡು ಹಾಕಿದವರೂ ಅವರೇ.

‘ಅವಾರ್ಡ್ ಸಿನಿಮಾ, ನಿಧಾನ’ ಅನ್ನುವವರಿದ್ದಾರೆ. ನಿಧಾನ ಹೌದು. ಎಲ್ಲವೂ ನಮಗೆ ಒಂದೇ ಸಮ ಹಿಡಿಸಿಲ್ಲ, ‘ಕೂರ್ಮಾವತಾರ’ದಲ್ಲಿ ಅಲ್ಲಲ್ಲಿ ಮಾತು ಜಾಸ್ತಿಯಾಯಿತು ಅನಿಸಿತ್ತು. ಆದರೆ ಹಳ್ಳಿಯವರಿಗೆ ಇವು ಅರ್ಥವಾಗಲ್ಲ ಅನ್ನುವ ಮಾತನ್ನು ನಾವು ಒಪ್ಪುವುದಿಲ್ಲ. ಹೆಗ್ಗೋಡಿನ ನೀನಾಸಂನವರು 80ರ ದಶಕದಲ್ಲೇ ಹೊರದೇಶದ ಸಿನಿಮಾಗಳನ್ನು ಹಳ್ಳಿಗಳಿಗೆ ಹೊತ್ತು ತಂದು ತೋರಿಸಿದ್ದರು. ಪಿಂಚಣಿಗೆ ಅಲೆದವರಿಗೆ ತಬರ ಅರ್ಥವಾಗದಿದ್ದರೆ ಇನ್ಯಾರಿಗೆ ಆದಾನು?

ಹಳೆಯ ‘ಘಟಶ್ರಾದ್ಧ’ದ ಪ್ರತಿಯನ್ನು ಹೊಸದಾಗಿ ಶುದ್ಧ ಮಾಡಿ 2024ರಲ್ಲಿ ಇಟಲಿಯ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಸಂತೋಷ. ನಮ್ಮೂರ ಕಟ್ಟೆಯಲ್ಲಿ ಕೇಳಿದರೆ ಇವರ ಸಿನಿಮಾ ನೋಡಿದವರು ನಿವೃತ್ತ ಮೇಷ್ಟ್ರು ಒಬ್ಬರೇ.

ಪಂಚಾಯಿತಿ ಗ್ರಂಥಾಲಯದಲ್ಲಿ ಟಿವಿ ಇದೆ. ಒಂದು ಭಾನುವಾರ ‘ತಬರನ ಕಥೆ’ ಹಾಕಿಸಿ, ಅಜ್ಜನನ್ನು ಮುಂದಿನ ಸಾಲಿನಲ್ಲಿ ಕೂರಿಸಬೇಕು ಅಂತ ಪಿಡಿಒ ಅವರನ್ನು ಕೇಳಿದೆವು. “ನೋಡೋಣ, ಒಂದು ಅರ್ಜಿ ಕೊಡಿ” ಅಂದರು. ಕೊಟ್ಟು ಬಂದಿದ್ದೇವೆ.